ಯುದ್ಧದ ಸೆರೆಯಿಂದ ಬದುಕಿ ಬಂದವಳ ಮಾತನ್ನು ಕೇಳುವ ಬಗೆ

ಯುದ್ಧದಲ್ಲಿ ಸೆರೆಸಿಕ್ಕು ಬದುಕಿ ಬಂದ ಹೆಣ್ಣೊಬ್ಬಳು ಮನೆಯಲ್ಲಿದ್ದರೆ, ಆಕೆ ತಾಯಿಯಾಗಿರಲಿ, ಅಜ್ಜಿಯಾಗಿರಲಿ, ಹೆಂಡತಿಯಾಗಿರಲಿ, ಉಳಿದವರನ್ನು ಎರಡು ಪ್ರಶ್ನೆಗಳು ಬಿಡದೆ ಕಾಡುತ್ತವೆ. ಆದದ್ದನ್ನು ಕೇಳಬೇಕೇ, ಬಿಡಬೇಕೇ? ಕೇಳುವುದಾದರೆ ಹೇಗೆ? ಈ ಪ್ರಶ್ನೆಗಳಿಗೆ ಕೆಲಸಕ್ಕೆ ಬರುವಂಥ ಉತ್ತರ ಕೊಡುವುದು ಈ ಬರಹದ ಉದ್ದೇಶ. ಮೊದಲೇ ಒಂದು ಮಾತನ್ನು ಹೇಳಿಬಿಡುತ್ತೇನೆ, ಮುಂದಿನದೆಲ್ಲ ಅದರ ವಿವರವೇ. ಸೆರೆ ಆಕೆಯಿಂದ ಕಿತ್ತುಕೊಂಡದ್ದರಲ್ಲಿ ದೊಡ್ಡದು ತನ್ನ ಬಗ್ಗೆ ತಾನೇ ತೀರ್ಮಾನಿಸುವ ಹಕ್ಕು. ಯಾವಾಗ ಏಳಬೇಕು, ಏನು ತಿನ್ನಬೇಕು, ತನ್ನ ಮೈಯನ್ನು ಯಾರು ಮುಟ್ಟಬಹುದು, ದೀಪ ಯಾವಾಗ ಆರಬೇಕು ಎಂಬುದೆಲ್ಲ ಬೇರೆಯವರ ಕೈಯಲ್ಲಿತ್ತು. ಆದ್ದರಿಂದ ನೀವು ಆಕೆಗಾಗಿ ಮಾಡುವ ಪ್ರತಿಯೊಂದು ಕೆಲಸವೂ ಆ ಹಕ್ಕನ್ನು ಸ್ವಲ್ಪ ಸ್ವಲ್ಪವಾಗಿ ಹಿಂದಿರುಗಿಸುವಂತಿರಬೇಕು. ಪ್ರೀತಿಯಿಂದ ಮಾಡಿದ ಒತ್ತಾಯವನ್ನೂ ಆಕೆಯ ಮೈ ಒತ್ತಾಯವೆಂದೇ ಗ್ರಹಿಸುತ್ತದೆ.

ಮೌನವನ್ನು ಓದುವುದು

ಯಾನ್ ರಫ್ ಓಹರ್ನ್ ಅವರ ಬದುಕನ್ನು ಇಲ್ಲಿ ನೆನೆಯಬೇಕು. 1923ರಲ್ಲಿ, ಇಂದಿನ ಇಂಡೋನೇಷ್ಯಾದ ಜಾವಾ ದ್ವೀಪದಲ್ಲಿ ಹುಟ್ಟಿದ ಈ ಡಚ್ ಹೆಣ್ಣುಮಗಳನ್ನು, 1942ರಲ್ಲಿ ಜಪಾನಿನ ಸೇನೆ ದ್ವೀಪವನ್ನು ವಶಪಡಿಸಿಕೊಂಡ ಮೇಲೆ, ತಾಯಿ ಮತ್ತು ತಂಗಿಯರೊಡನೆ ಅಂಬಾರಾವಾ ಶಿಬಿರದಲ್ಲಿ ಕೂಡಿಹಾಕಲಾಯಿತು. 1944ರ ಫೆಬ್ರವರಿಯಲ್ಲಿ ಆ ಶಿಬಿರದಿಂದ ಕೆಲವು ಹುಡುಗಿಯರನ್ನು ಆರಿಸಿ ಸೆಮರಾಂಗಿನ ಒಂದು ಮನೆಗೆ ಒಯ್ದರು. ಅಲ್ಲಿ ಒಬ್ಬೊಬ್ಬ ಹುಡುಗಿಗೂ ಒಂದೊಂದು ಹೂವಿನ ಹೆಸರಿಟ್ಟು, ತಿಂಗಳುಗಟ್ಟಲೆ ಸೇನಾಧಿಕಾರಿಗಳ ಅತ್ಯಾಚಾರಕ್ಕೆ ದೂಡಿದರು. ಯುದ್ಧ ಮುಗಿಯಿತು, ಅವರು ಮದುವೆಯಾದರು, ಆಸ್ಟ್ರೇಲಿಯಾಕ್ಕೆ ಹೋಗಿ ನೆಲೆಸಿದರು, ಇಬ್ಬರು ಹೆಣ್ಣುಮಕ್ಕಳನ್ನು ಬೆಳೆಸಿದರು. ಆ ಮಕ್ಕಳು ತಾಯಿಗೆ ಹೂವು ಕೊಡಲು ಹೋದರೆ ಆಕೆಗೆ ಬೇಡವಾಗಿತ್ತು. ಏಕೆ ಬೇಡ ಎಂಬುದನ್ನು ಅವರು ಹೇಳಿದ್ದು ಸುಮಾರು ಐವತ್ತು ವರ್ಷಗಳ ನಂತರ, 1992ರಲ್ಲಿ, ಅದೂ ಬಾಯಿಮಾತಿನಲ್ಲಿ ಹೇಳಲಾಗದೆ ಕಾಗದದ ಮೇಲೆ ಬರೆದು. ಆ ಮನೆಯಲ್ಲಿ ಜೊತೆಗಿದ್ದ ಹುಡುಗಿಯರ ಹೆಸರುಗಳಿದ್ದ ಒಂದು ಬಿಳಿಯ ಕರವಸ್ತ್ರವನ್ನು ಅವರು ಅಷ್ಟು ವರ್ಷವೂ ಯಾರಿಗೂ ತೋರಿಸದೆ ಕಾಪಾಡಿಕೊಂಡಿದ್ದರು.

ಈ ಒಂದು ಬದುಕಿನಿಂದ ನಾವು ಕಲಿಯಬೇಕಾದದ್ದು ಬಹಳ. ಹೇಳದೆ ಇರುವುದು ಮರೆತದ್ದರ ಗುರುತಲ್ಲ. ಬೇಡ ಎಂಬ ಒಂದು ಸಣ್ಣ ಮಾತಿನ ಹಿಂದೆ ಇಡೀ ಒಂದು ಮನೆ, ಒಂದು ಕೋಣೆ, ಒಂದು ಬಾಗಿಲು ಇರಬಹುದು. ಹಾಗಾಗಿ ನಿಮ್ಮ ಮನೆಯ ಹೆಣ್ಣು ಯಾವುದನ್ನಾದರೂ ಕಾರಣ ಕೊಡದೆ ದೂರವಿಟ್ಟರೆ, ನಿರ್ದಿಷ್ಟ ಬಣ್ಣದ ಬಟ್ಟೆಯನ್ನು, ಒಂದು ವಾಸನೆಯ ಸೋಪನ್ನು, ಬೂಟುಗಾಲಿನ ಸದ್ದನ್ನು, ಸಾಲಿನಲ್ಲಿ ನಿಲ್ಲುವುದನ್ನು, ಒಳಗಿನಿಂದ ಚಿಲಕ ಹಾಕಲಾಗದ ಕೋಣೆಯನ್ನು, ನೀವೂ ಅದನ್ನು ಕಾರಣ ಕೇಳದೆ ದೂರವಿಡಿ. ಅವಳಿಗೆ ತಿಳಿಯದ ಹಾಗೆ ಗುಟ್ಟಾಗಿ ಬದಲಾವಣೆ ಮಾಡುವುದಕ್ಕಿಂತ, "ಇದನ್ನು ಇಲ್ಲಿಂದ ತೆಗೆಯಲೇ?" ಎಂದು ಕೇಳಿ ತೆಗೆಯುವುದು ಮೇಲು. ದಿಂಬಿನ ಕೆಳಗೆ ಒಣಗಿದ ಬ್ರೆಡ್ಡಿನ ಚೂರು ಸಿಕ್ಕಿದರೆ ಎಸೆಯಬೇಡಿ. ಹಸಿವಿನ ಶಿಬಿರದಲ್ಲಿ ನಾಳೆಗೆಂದು ಉಳಿಸಿದ ಒಂದು ಚೂರು ನಾಳೆ ಬದುಕಿರುತ್ತೇನೆಂಬ ಲೆಕ್ಕವಾಗಿತ್ತು, ಆ ಲೆಕ್ಕವನ್ನು ಕೈ ಇನ್ನೂ ಬಿಟ್ಟಿರುವುದಿಲ್ಲ. ಮುಚ್ಚಳವಿರುವ ಒಂದು ಡಬ್ಬಿಯನ್ನು ಆಕೆಯ ಹಾಸಿಗೆಯ ಬಳಿ ಇಡಲೇ ಎಂದು ಕೇಳಿ ನೋಡಿ.

ಬಿಡುಗಡೆಯಾಗಿ ಈಗಷ್ಟೇ ಬಂದಿದ್ದರೆ

ಸೆರೆಯಿಂದ ಹೊರಬಂದು ಕೆಲವೇ ದಿನಗಳಾಗಿದ್ದರೆ ಮಾತಿಗಿಂತ ಮೊದಲು ಮೈಯನ್ನು ನೋಡಿಕೊಳ್ಳಬೇಕು. ಜರ್ಮನಿಯಲ್ಲಿ ನಾಜಿಗಳು ನಡೆಸುತ್ತಿದ್ದ ಬರ್ಗನ್ ಬೆಲ್ಸನ್ ಶಿಬಿರ 1945ರ ಏಪ್ರಿಲ್ 15ರಂದು ಬಿಡುಗಡೆಯಾದ ಮೇಲೂ ಅಲ್ಲಿದ್ದವರಲ್ಲಿ 13,000ಕ್ಕೂ ಹೆಚ್ಚು ಜನ ಸತ್ತರು. ಟೈಫಸ್ ಜ್ವರ ಮತ್ತು ಹಸಿವು ಅವರನ್ನು ಅದಾಗಲೇ ಅಷ್ಟು ಸವೆಸಿದ್ದವು, ಮರುಕದಿಂದ ಕೊಟ್ಟ ಗಟ್ಟಿ ಆಹಾರವನ್ನು ಅರಗಿಸಿಕೊಳ್ಳುವ ಶಕ್ತಿಯೂ ಹಲವರಿಗೆ ಉಳಿದಿರಲಿಲ್ಲ. ಬಹಳ ದಿನ ಉಪವಾಸವಿದ್ದ ದೇಹಕ್ಕೆ ಒಮ್ಮೆಲೇ ಹೊಟ್ಟೆ ತುಂಬ ಉಣಿಸಿದರೆ ರಕ್ತದಲ್ಲಿನ ಫಾಸ್ಫೇಟ್, ಪೊಟ್ಯಾಸಿಯಂ, ಮೆಗ್ನೀಸಿಯಂ ಕುಸಿದು ಹೃದಯವೇ ನಿಲ್ಲಬಹುದು. ಆದ್ದರಿಂದ ವೈದ್ಯರ ಕಣ್ಗಾವಲಿನಲ್ಲಿ, ಸ್ವಲ್ಪ ಸ್ವಲ್ಪವಾಗಿ, ಬಿ1 ಜೀವಸತ್ವವನ್ನು ಮೊದಲೇ ಕೊಟ್ಟು ಆಹಾರ ಆರಂಭಿಸಬೇಕು. ಲೈಂಗಿಕ ಹಿಂಸೆ ನಡೆದಿರುವ ಸಾಧ್ಯತೆಯಿದ್ದರೆ ಎರಡು ಗಡುವುಗಳನ್ನು ಮರೆಯಬಾರದು. ಎಚ್‌ಐವಿ ತಗುಲದಂತೆ ತಡೆಯುವ ಔಷಧವನ್ನು ಹಿಂಸೆ ನಡೆದ 72 ಗಂಟೆಗಳೊಳಗೆ, ಗರ್ಭ ನಿಲ್ಲದಂತೆ ತಡೆಯುವ ತುರ್ತು ಮಾತ್ರೆಯನ್ನು 120 ಗಂಟೆಗಳೊಳಗೆ ತೆಗೆದುಕೊಳ್ಳಬೇಕು, ಎರಡನ್ನೂ ಎಷ್ಟು ಬೇಗ ತೆಗೆದುಕೊಂಡರೆ ಅಷ್ಟು ಒಳ್ಳೆಯದು. ಇದನ್ನು ಆಕೆಗೆ ಒಂಟಿಯಾಗಿ, ಮೆಲ್ಲನೆ ತಿಳಿಸಿ. ಗಡುವಿನ ಅವಸರವಿದ್ದಾಗಲೂ ತೀರ್ಮಾನ ಆಕೆಯದೇ.

ಈ ದಿನಗಳಲ್ಲಿ "ಎಲ್ಲವನ್ನೂ ಹೇಳಿಬಿಡು, ಮನಸ್ಸು ಹಗುರಾಗುತ್ತದೆ" ಎಂದು ಕೂರಿಸಿಕೊಂಡು ಹೇಳಿಸುವುದು ಎಷ್ಟೋ ಮನೆಗಳಲ್ಲಿ ನಡೆಯುತ್ತದೆ, ಒಳ್ಳೆಯ ಮನಸ್ಸಿನಿಂದಲೇ ನಡೆಯುತ್ತದೆ. ಆದರೆ ಆಘಾತದ ಬೆನ್ನಿಗೇ ಒಂದೇ ಸಲಕ್ಕೆ ಎಲ್ಲವನ್ನೂ ಹೇಳಿಸುವ ಕ್ರಮದಿಂದ ಪ್ರಯೋಜನವಿಲ್ಲವೆಂದು ವಿಶ್ವ ಆರೋಗ್ಯ ಸಂಸ್ಥೆ ಅದನ್ನು ಬೇಡವೆಂದೇ ಹೇಳಿದೆ. ಆಗ ಬೇಕಾದದ್ದು ನಿದ್ರೆ, ನೀರು, ಬೆಚ್ಚನೆಯ ಬಟ್ಟೆ, ಮನೆಯವರು ಎಲ್ಲಿದ್ದಾರೆಂಬ ಸುದ್ದಿ, ಇನ್ನು ಯಾರೂ ಹಿಡಿದೊಯ್ಯುವುದಿಲ್ಲ ಎಂಬ ಭರವಸೆ. ಆ ಭರವಸೆ ನಿಜವಾಗಿದ್ದರೆ ಮಾತ್ರ ಕೊಡಿ.

ಕೇಳುವ ಮುನ್ನ

ಮಾತನ್ನು ಆಕೆಯೇ ಎತ್ತುವವರೆಗೆ ಕಾಯಬೇಕೇ ಎಂದರೆ, ಪೂರ್ತಿ ಕಾಯಬೇಕಾಗಿಲ್ಲ ಎಂಬುದು ನನ್ನ ಅಭಿಪ್ರಾಯ. ಮನೆಯವರಿಗೆ ಕೇಳುವ ಮನಸ್ಸಿಲ್ಲ ಎಂದುಕೊಂಡು ಮೌನವಾಗಿರುವ ಹೆಂಗಸರು, ಆಕೆಗೆ ಹೇಳುವ ಮನಸ್ಸಿಲ್ಲ ಎಂದುಕೊಂಡು ಮೌನವಾಗಿರುವ ಮಕ್ಕಳು, ಹೀಗೆ ಇಬ್ಬರೂ ಒಬ್ಬರನ್ನೊಬ್ಬರು ಕಾಪಾಡುತ್ತಲೇ ದಶಕಗಳು ಕಳೆಯುತ್ತವೆ. ಬಾಗಿಲನ್ನು ಒಮ್ಮೆ ತೆರೆದಿಟ್ಟು ಸರಿದು ನಿಲ್ಲಿ. "ಅಮ್ಮ, ಆ ದಿನಗಳ ಬಗ್ಗೆ ನೀನು ಯಾವಾಗ ಹೇಳಿದರೂ ನಾನು ಕೇಳುತ್ತೇನೆ. ಹೇಳದಿದ್ದರೂ ನನಗೇನೂ ಬೇಸರವಿಲ್ಲ" ಎಂಬಷ್ಟು ಮಾತು ಸಾಕು. ಆಮೇಲೆ ಅದನ್ನು ವಾರಕ್ಕೊಮ್ಮೆ ನೆನಪಿಸಬೇಡಿ.

1991ರ ಆಗಸ್ಟ್ 14ರಂದು ಸಿಯೋಲ್‌ನಲ್ಲಿ ಕಿಮ್ ಹಾಕ್ ಸುನ್ ಅವರು ತಮ್ಮ ಹೆಸರು, ಮುಖ ಮರೆಸದೆ, ಜಪಾನಿನ ಸೇನೆ ತಮ್ಮನ್ನು ಲೈಂಗಿಕ ಗುಲಾಮಳನ್ನಾಗಿ ಇಟ್ಟುಕೊಂಡಿದ್ದನ್ನು ಬಹಿರಂಗವಾಗಿ ಹೇಳಿದರು. ದಕ್ಷಿಣ ಕೊರಿಯಾದಲ್ಲಿ ಹಾಗೆ ಹೇಳಿದವರಲ್ಲಿ ಅವರೇ ಮೊದಲಿಗರು. ಅವರ ಹಿಂದೆಯೇ ಇತರರು ಬಂದರು. ಮುಂದಿನ ವರ್ಷ ಕೊರಿಯಾದ ಆ ಹೆಂಗಸರನ್ನು ಟಿವಿಯಲ್ಲಿ ಕಂಡಾಗಲೇ ಯಾನ್ ಅವರಿಗೂ ಮಾತಾಡುವ ಧೈರ್ಯ ಬಂತು. ಒಬ್ಬಳ ಮಾತು ಇನ್ನೊಬ್ಬಳ ಬಾಯಿ ಬಿಡಿಸುತ್ತದೆ. ಆದ್ದರಿಂದ ಅದೇ ಅನುಭವವಿರುವ ಇನ್ನೊಬ್ಬ ಹೆಂಗಸಿನ ಪರಿಚಯ ಮಾಡಿಸಲು ಸಾಧ್ಯವಿದ್ದರೆ, ಆಕೆಯ ಒಪ್ಪಿಗೆ ಪಡೆದು ಮಾಡಿಸಿ. ಮಕ್ಕಳಿಗೆ ಹೇಳಲಾಗದ್ದನ್ನು ಆ ಇನ್ನೊಬ್ಬಳಿಗೆ ಹೇಳಬಹುದು, ಅದನ್ನು ಅವಮಾನವೆಂದು ತಿಳಿಯಬೇಡಿ.

ಪದಗಳ ವಿಷಯದಲ್ಲೂ ಎಚ್ಚರ ಬೇಕು. 1971ರ ಯುದ್ಧದ ನಂತರ ಬಾಂಗ್ಲಾದೇಶದಲ್ಲಿ, ಅತ್ಯಾಚಾರಕ್ಕೊಳಗಾದ ಹೆಣ್ಣುಮಕ್ಕಳಿಗೆ ಗೌರವ ಸಲ್ಲಿಸಲೆಂದು ಸರ್ಕಾರ "ಬೀರಾಂಗನಾ", ಅಂದರೆ ವೀರಾಂಗನೆ, ಎಂಬ ಬಿರುದು ಕೊಟ್ಟಿತು. ಬಿರುದು ಕೊಟ್ಟವರ ಉದ್ದೇಶ ಒಳ್ಳೆಯದೇ, ಆದರೆ ಊರ ಬಾಯಿ ಅದನ್ನು "ಬಾರಾಂಗನಾ", ವೇಶ್ಯೆ, ಎಂದು ತಿರುಚಿತು, ಎಷ್ಟೋ ಹೆಂಗಸರಿಗೆ ಆ ಬಿರುದೇ ಹಣೆಪಟ್ಟಿಯಾಯಿತು. ಬಲಿಪಶು, ಸಂತ್ರಸ್ತೆ, ವೀರಳು, ಬದುಕುಳಿದವಳು, ಇವುಗಳಲ್ಲಿ ಯಾವುದನ್ನೂ ನೀವಾಗಿ ಅಂಟಿಸಬೇಡಿ. ಆಕೆ "ಆಗ", "ಆ ಜಾಗ", "ಅವರು" ಎಂದಷ್ಟೇ ಹೇಳಿದರೆ ನೀವೂ ಅಷ್ಟನ್ನೇ ಬಳಸಿ.

ಕೇಳುವಾಗ

ಜಾಗವನ್ನು ಆಕೆಯೇ ಆರಿಸಲಿ. ಹೆಚ್ಚಿನವರು ಬಾಗಿಲು ಕಾಣುವ ಕಡೆ, ಬೆನ್ನಿಗೆ ಗೋಡೆಯಿರುವ ಕಡೆ ಕೂರುತ್ತಾರೆ. ದೀಪ ಮುಖಕ್ಕೆ ಬೀಳದಿರಲಿ, ಎದುರಾಬದುರು ಕೂರುವ ಬದಲು ಓರೆಯಾಗಿ ಕುಳಿತರೆ ವಿಚಾರಣೆಯ ನೆನಪು ಬರುವುದು ಕಡಿಮೆ. ನಡುವೆ ಎದ್ದು ಹೋಗಬಹುದು, ವಾಕ್ಯದ ಅರ್ಧದಲ್ಲೇ ನಿಲ್ಲಿಸಬಹುದು ಎಂಬುದನ್ನು ಪ್ರತಿ ಸಲವೂ ಹೇಳಿ, ಮತ್ತು ಆಕೆ ನಿಲ್ಲಿಸಿದಾಗ ನಿಜವಾಗಿಯೂ ನಿಲ್ಲಿಸಿ. "ಇದೊಂದು ಮುಗಿಸಿಬಿಡು" ಎಂಬ ಮಾತು ಬಾಯಿಗೆ ಬಂದರೆ ನುಂಗಿಕೊಳ್ಳಿ.

ಸೆರೆಯಿಂದಲೇ ಆರಂಭಿಸಬೇಡಿ. ಅದಕ್ಕೂ ಮುಂಚೆ ಆಕೆಗೊಂದು ಮನೆ, ಶಾಲೆ, ಗೆಳತಿಯರು, ಇಷ್ಟದ ಹಾಡು ಇದ್ದವು. ಅಲ್ಲಿಂದ ಹೊರಟರೆ ಸೆರೆಯು ಆ ಬದುಕಿನ ನಡುವೆ ನಡೆದ ಘಟನೆಯಾಗುತ್ತದೆ, ಇಡೀ ಬದುಕಾಗುವುದಿಲ್ಲ. ಸೆರೆಯ ಕಾಲಕ್ಕೆ ಬಂದಾಗ "ನಿನಗೆ ಏನು ಮಾಡಿದರು?" ಎಂದು ಕೇಳುವುದಕ್ಕಿಂತ "ನೀನು ಹೇಗೆ ದಿನ ನೂಕಿದೆ? ಯಾರು ಜೊತೆಗಿದ್ದರು?" ಎಂದು ಕೇಳಿ. ಮೊದಲ ಪ್ರಶ್ನೆಯಲ್ಲಿ ಕೆಲಸ ಮಾಡುವವರು ಅವರು, ಎರಡನೆಯದರಲ್ಲಿ ಆಕೆ. ಈ ವ್ಯತ್ಯಾಸ ವ್ಯಾಕರಣದ್ದು ಮಾತ್ರವೆಂದು ತೋರಬಹುದು, ಆದರೆ ಎರಡನೆಯ ಪ್ರಶ್ನೆಗೆ ಬರುವ ಉತ್ತರಗಳೇ ಬೇರೆ.

ಆ ಉತ್ತರಗಳ ಶ್ರೀಮಂತಿಕೆಯನ್ನು ಇತಿಹಾಸ ತೋರಿಸಿಕೊಟ್ಟಿದೆ. ಸುಮಾತ್ರಾದ ಪಾಲೆಂಬಾಂಗ್‌ನಲ್ಲಿ ಜಪಾನೀಯರ ಸೆರೆಯಲ್ಲಿದ್ದ ಹೆಂಗಸರು 1943ರಲ್ಲಿ, ವಾದ್ಯಗಳೇ ಇಲ್ಲದ ಜಾಗದಲ್ಲಿ, ವಾದ್ಯವೃಂದದ ಸಂಗೀತವನ್ನು ಗಂಟಲಿನಿಂದಲೇ ಗುನುಗಿ ನುಡಿಸಿದರು. ನೋರಾ ಚೇಂಬರ್ಸ್ ಮತ್ತು ಮಾರ್ಗರೆಟ್ ಡ್ರೈಬರ್ಗ್ ನೆನಪಿನಿಂದಲೇ ಸ್ವರಗಳನ್ನು ಬರೆದು ಆ ವೃಂದವನ್ನು ಕಟ್ಟಿದ್ದರು. ಹಾಡುವವರು ಹಸಿವು, ರೋಗಗಳಿಂದ ಒಬ್ಬೊಬ್ಬರಾಗಿ ಸತ್ತ ಮೇಲೆ ಅದು ನಿಂತುಹೋಯಿತು. ಜರ್ಮನಿಯ ರಾವೆನ್ಸ್‌ಬ್ರೂಕ್ 1939ರಲ್ಲಿ ನಾಜಿಗಳು ಹೆಂಗಸರಿಗೆಂದೇ ತೆರೆದ ಶಿಬಿರ. ಅಲ್ಲಿ 74 ಪೋಲಿಷ್ ಹೆಂಗಸರ ಕಾಲುಗಳನ್ನು ಸೀಳಿ, ಸೋಂಕು ಹಚ್ಚಿ, ವೈದ್ಯಕೀಯ ಪ್ರಯೋಗ ಮಾಡಿದರು. ಅವರಲ್ಲಿ ಕೆಲವರು ಮನೆಗೆ ಬರೆಯಲು ಅನುಮತಿಯಿದ್ದ ಕಾಗದಗಳಲ್ಲೇ, ಸಾಲುಗಳ ನಡುವೆ, ತಮ್ಮ ಮೂತ್ರವನ್ನೇ ಶಾಯಿಯಾಗಿ ಬಳಸಿ ಕಣ್ಣಿಗೆ ಕಾಣದ ಅಕ್ಷರಗಳಲ್ಲಿ ಆ ಸುದ್ದಿಯನ್ನು ಹೊರಗೆ ಕಳಿಸಿದರು. ಮನೆಯವರು ಕಾಗದಕ್ಕೆ ಬಿಸಿ ಇಸ್ತ್ರಿ ತಾಕಿಸಿದಾಗ ಅಕ್ಷರಗಳು ಮೂಡಿದವು. 1945ರಲ್ಲಿ ಅವರನ್ನು ಕೊಲ್ಲಲು ಹೊರಟಾಗ ಇತರ ಕೈದಿಗಳು ಅವರನ್ನು ಬೇರೆ ಬ್ಯಾರಕ್ಕುಗಳಲ್ಲಿ ಬಚ್ಚಿಟ್ಟರು. ನಿಮ್ಮ ಎದುರು ಕುಳಿತ ಹೆಣ್ಣಿನ ಬಳಿಯೂ ಇಂಥದೊಂದು ಜಾಣ್ಮೆಯ ಕತೆ ಇರಬಹುದು, ತನ್ನ ಕತೆಯಲ್ಲಿ ಅದಕ್ಕೂ ಜಾಗವಿದೆಯೆಂದು ಆಕೆಗೇ ತೋಚಿರಲಿಕ್ಕಿಲ್ಲ.

ಕೇಳಬಾರದ ಪ್ರಶ್ನೆಗಳು ಕೆಲವಿವೆ. ಏಕೆ ಓಡಿಹೋಗಲಿಲ್ಲ, ಏಕೆ ಕೂಗಲಿಲ್ಲ, ಏಕೆ ಇಷ್ಟು ದಿನ ಹೇಳಲಿಲ್ಲ ಎಂಬ "ಏಕೆ"ಗಳೆಲ್ಲ ಆರೋಪಗಳೇ. ಅಪಾಯದಲ್ಲಿ ಮೈ ಮರಗಟ್ಟಿ ನಿಂತುಬಿಡುವುದು ಯಾರೂ ಬೇಕೆಂದು ಮಾಡುವ ಕೆಲಸವಲ್ಲ. ಜೊತೆಯವರು ಸತ್ತು ತಾನೊಬ್ಬಳೇ ಉಳಿದೆನೆಂಬ ಕೊರಗು ಆಕೆಗಿದ್ದರೆ, ಇನ್ನೊಬ್ಬರ ಪಾಲಿನ ರೊಟ್ಟಿ ತಿಂದೆನೆಂದೋ, ಯಾರನ್ನೋ ಬಿಟ್ಟು ಬಂದೆನೆಂದೋ ಹೇಳಿಕೊಂಡರೆ, "ಛೇ, ನಿನ್ನದೇನೂ ತಪ್ಪಿಲ್ಲ" ಎಂದು ಕೂಡಲೇ ಮುಚ್ಚಿಹಾಕಬೇಡಿ. ಆ ಮಾತು ನಿಜವೇ ಆದರೂ, ಬೇಗ ಬಂದರೆ ಆಕೆಯ ಬಾಯಿ ಮುಚ್ಚಿಸುತ್ತದೆ. ಆ ಇನ್ನೊಬ್ಬಳ ಹೆಸರೇನು ಎಂದು ಕೇಳಿ, ಅವಳ ಬಗ್ಗೆ ಹೇಳಲು ಬಿಡಿ.

ನೆನಪು ಕ್ರಮವಾಗಿ ಬರುವುದಿಲ್ಲ. ತಿಂಗಳು, ವಾರ, ಎಷ್ಟು ಜನ ಎಂಬುದು ಅದಲುಬದಲಾಗುತ್ತದೆ, ಆದರೆ ಕಾವಲುಗಾರನ ಬೀಗದ ಕೈಗೊಂಚಲಿನ ಸದ್ದು ನಿಖರವಾಗಿ ಉಳಿದಿರುತ್ತದೆ. ಇಂದು ಹೇಳಿದ್ದಕ್ಕೂ ಮೊನ್ನೆ ಹೇಳಿದ್ದಕ್ಕೂ ಹೊಂದದಿದ್ದರೆ ತಿದ್ದಲು ಹೋಗಬೇಡಿ. ಹಿಂದಿನ ಯುಗೊಸ್ಲಾವಿಯಾದ ಯುದ್ಧಾಪರಾಧಗಳ ಅಂತರರಾಷ್ಟ್ರೀಯ ನ್ಯಾಯಮಂಡಳಿಯಲ್ಲಿ ಇದೇ ವಿಷಯ ಚರ್ಚೆಗೆ ಬಂದಿತ್ತು. ಫುರುಂಜಿಯಾ ಎಂಬ ಆರೋಪಿಯ ಪ್ರಕರಣದಲ್ಲಿ ಸಾಕ್ಷಿ ನುಡಿದ ಹೆಂಗಸಿಗೆ ಆಘಾತೋತ್ತರ ಒತ್ತಡದ ಕಾಯಿಲೆ (ಆಘಾತ ಕಳೆದ ಮೇಲೂ ಮನಸ್ಸನ್ನು ಬಿಡದೆ ಕಾಡುವ ಕಾಯಿಲೆ, ಪಿಟಿಎಸ್‌ಡಿ) ಇದೆ, ಆದ್ದರಿಂದ ಆಕೆಯ ನೆನಪನ್ನು ನಂಬಲಾಗದು ಎಂದು ಆರೋಪಿಯ ಪರ ವಕೀಲರು ವಾದಿಸಿದರು. ಆ ಕಾಯಿಲೆ ಇರುವವರೂ ನಂಬಲರ್ಹ ಸಾಕ್ಷಿಯಾಗಬಲ್ಲರು ಎಂದು 1998ರ ಡಿಸೆಂಬರಿನಲ್ಲಿ ನ್ಯಾಯಾಧೀಶರು ತೀರ್ಪಿತ್ತರು. ನ್ಯಾಯಾಲಯವೇ ಒಪ್ಪಿದ ಈ ಮಾತನ್ನು ಮನೆಯವರು ಒಪ್ಪದಿದ್ದರೆ ಹೇಗೆ?

ಮಾತಿನ ನಡುವೆ ಆಕೆಯ ಕಣ್ಣು ಒಂದೆಡೆ ನೆಟ್ಟು, ಉಸಿರು ಬಿಗಿದು, ಧ್ವನಿ ಬೇರೆಯಾದರೆ ಆಕೆ ಆಗ ಹೇಳುತ್ತಿಲ್ಲ, ಅಲ್ಲಿಯೇ ಇದ್ದಾಳೆ. ಮುಟ್ಟಿ ಅಲುಗಿಸಬೇಡಿ. ಹೆಸರು ಹಿಡಿದು ಮೆಲ್ಲನೆ ಕರೆಯಿರಿ, ಇಂದು ಯಾವ ದಿನ, ಇದು ಯಾರ ಮನೆ, ನೀವು ಯಾರು ಎಂಬುದನ್ನು ಹೇಳಿ. ಅಂಗಾಲು ನೆಲಕ್ಕೆ ಊರಲು, ಕೋಣೆಯಲ್ಲಿ ಕಾಣುವ ಐದು ವಸ್ತುಗಳ ಹೆಸರು ಹೇಳಲು, ತಣ್ಣನೆಯ ನೀರಿನ ಲೋಟ ಹಿಡಿಯಲು ಕೇಳಿಕೊಳ್ಳಿ. ಅಂದಿಗೆ ಮಾತನ್ನು ಅಲ್ಲಿಗೇ ಬಿಡಿ. ಯಾವ ದಿನವಾದರೂ ಕುಳಿತು ಏಳುವ ಮುನ್ನ ಸೆರೆಯಿಂದ ಹೊರಬಂದ ಮೇಲಿನ ಒಂದು ವಿಷಯಕ್ಕೆ, ಈ ಮನೆಗೆ, ಈ ಸಂಜೆಗೆ ಮಾತನ್ನು ತಂದು ನಿಲ್ಲಿಸಿ.

ದಾಖಲಿಸುವುದಾದರೆ

ಧ್ವನಿಮುದ್ರಣಕ್ಕೆ ಒಮ್ಮೆ ಪಡೆದ ಒಪ್ಪಿಗೆ ಸಾಲದು. ಮುದ್ರಿಸುವ ಮುನ್ನ, ಮುದ್ರಿಸಿದ್ದನ್ನು ಆಕೆ ಕೇಳಿದ ಮೇಲೆ, ಬೇರೆಯವರಿಗೆ ಕೊಡುವ ಮುನ್ನ, ಹೀಗೆ ಪ್ರತಿ ಹಂತದಲ್ಲೂ ಕೇಳಿ. ಅಳಿಸು ಎಂದರೆ ಅಳಿಸಿ, ಎಷ್ಟೇ ಅಮೂಲ್ಯವಾಗಿದ್ದರೂ. ಆಕೆ ಹೇಳಿದ ಇತರ ಹೆಂಗಸರ ಹೆಸರುಗಳನ್ನು ಹೊರಗೆ ಕೊಡಲು ಆಕೆಯೊಬ್ಬಳ ಒಪ್ಪಿಗೆ ಸಾಲದು, ಅವರ ಮನೆಯವರಿಗೆ ಏನೂ ಗೊತ್ತಿರಲಿಕ್ಕಿಲ್ಲ.

ಪ್ರಕರಣ ನ್ಯಾಯಾಲಯಕ್ಕೆ ಹೋಗುವ ಸಾಧ್ಯತೆ ಸ್ವಲ್ಪವೇ ಇದ್ದರೂ ಮನೆಯಲ್ಲಿ ಮುದ್ರಿಸುವ ಮುನ್ನ ವಕೀಲರನ್ನು ಕೇಳಿ. ಮೇಲೆ ಹೇಳಿದ ಪ್ರಕರಣದಲ್ಲಿಯೇ ಆ ಹೆಂಗಸು ಪಡೆದ ಮಾನಸಿಕ ಚಿಕಿತ್ಸೆಯ ಕಾಗದಪತ್ರಗಳು ತಡವಾಗಿ ಹೊರಬಂದು, ವಿಚಾರಣೆಯನ್ನು ಮತ್ತೆ ತೆರೆಯಬೇಕಾಯಿತು. ಹೀಗಾಗಿ ಚಿಕಿತ್ಸೆಗಾಗಿ ಹೇಳಿದ್ದು, ಕುಟುಂಬಕ್ಕಾಗಿ ಹೇಳಿದ್ದು, ಕಾನೂನಿಗಾಗಿ ಹೇಳಿದ್ದು ಬೇರೆ ಬೇರೆಯಾಗಿರಲಿ. ದೈಹಿಕ ಗಾಯದ ಗುರುತುಗಳಿದ್ದರೆ, ಹಿಂಸೆಯ ವೈದ್ಯಕೀಯ ದಾಖಲಾತಿಗೆಂದು 1999ರಲ್ಲಿ ರೂಪಿಸಿ 2022ರಲ್ಲಿ ಪರಿಷ್ಕರಿಸಿದ ಇಸ್ತಾಂಬುಲ್ ಪ್ರೋಟೋಕಾಲ್ ತಿಳಿದ ವೈದ್ಯರೇ ಅದನ್ನು ಬರೆಯುವುದು ಒಳ್ಳೆಯದು. ಪತ್ರಕರ್ತರೋ ಸಂಶೋಧಕರೋ ಬಂದು ಕೇಳಿದರೆ, ಮುರಾದ್ ಸಂಹಿತೆಯನ್ನು ಪಾಲಿಸುತ್ತೀರಾ ಎಂದು ವಿಚಾರಿಸಿ. 2014ರ ಆಗಸ್ಟಿನಲ್ಲಿ ಇರಾಕಿನ ಕೋಚೋ ಹಳ್ಳಿಯಿಂದ ಅಪಹರಣಕ್ಕೊಳಗಾಗಿ, ತಪ್ಪಿಸಿಕೊಂಡು ಬಂದು, 2018ರಲ್ಲಿ ನೊಬೆಲ್ ಶಾಂತಿ ಪ್ರಶಸ್ತಿ ಪಡೆದ ನಾದಿಯಾ ಮುರಾದ್ ಅವರ ಹೆಸರಿನ ಈ ಸಂಹಿತೆ 2022ರಲ್ಲಿ ಹೊರಬಂತು. ಯುದ್ಧಕಾಲದ ಲೈಂಗಿಕ ಹಿಂಸೆಯನ್ನು ಅನುಭವಿಸಿದವರಿಂದ ಮಾಹಿತಿ ಪಡೆಯುವವರು ಹೇಗೆ ನಡೆದುಕೊಳ್ಳಬೇಕೆಂಬುದನ್ನು ಅದು ಹೇಳುತ್ತದೆ. ಬೇರೆಡೆ ಹೇಳಿಯಾದದ್ದನ್ನೇ ಮತ್ತೆ ಹೇಳಿಸುವ ಅಗತ್ಯ ನಿಜವಾಗಿಯೂ ಇದೆಯೇ ಎಂಬುದು ಆಕೆಯ ಪರವಾಗಿ ನೀವು ಕೇಳಬಹುದಾದ ಮೊದಲ ಪ್ರಶ್ನೆ.

ಚಿಕಿತ್ಸೆಯ ಮಾತು

ತಿಂಗಳು ಕಳೆದರೂ ಕೆಟ್ಟ ಕನಸು, ಬೆಚ್ಚಿಬೀಳುವುದು, ನೆನಪು ಬರುವ ಜಾಗಗಳಿಂದ ದೂರ ಸರಿಯುವುದು, ಯಾರೊಡನೆಯೂ ಬೆರೆಯದಿರುವುದು ಬಿಡದಿದ್ದರೆ ಮನೋವೈದ್ಯರನ್ನು ಇಲ್ಲವೇ ಆಘಾತ ಚಿಕಿತ್ಸೆಯಲ್ಲಿ ತರಬೇತಾದ ಆಪ್ತಸಮಾಲೋಚಕರನ್ನು ಕಾಣಬೇಕು. ಆಘಾತೋತ್ತರ ಒತ್ತಡದ ಕಾಯಿಲೆಗೆ ವೈದ್ಯಶಾಸ್ತ್ರದಲ್ಲಿ ಅಧಿಕೃತ ಹೆಸರು ಸಿಕ್ಕಿದ್ದೇ 1980ರಲ್ಲಿ, ಹಾಗಾಗಿ ಅದಕ್ಕೂ ಹಿಂದಿನ ಯುದ್ಧಗಳ ಹೆಂಗಸರಿಗೆ "ನರಗಳ ದೌರ್ಬಲ್ಯ" ಎಂಬಂಥ ಮಾತುಗಳಷ್ಟೇ ಸಿಕ್ಕಿರಬಹುದು. ಸಾಯುವ ಮಾತು ಬಂದರೆ ಅಂದೇ ವೈದ್ಯರ ಬಳಿ ಹೋಗಬೇಕು.

ಯುದ್ಧ ಮತ್ತು ಸೆರೆ ಕಂಡವರಿಗೆಂದೇ ರೂಪಿಸಿದ ಚಿಕಿತ್ಸೆಗಳಲ್ಲೊಂದು ನರೇಟಿವ್ ಎಕ್ಸ್‌ಪೋಷರ್ ಥೆರಪಿ. ಅದರಲ್ಲಿ ನೆಲದ ಮೇಲೆ ಒಂದು ಹಗ್ಗವನ್ನು ಬದುಕಿನ ಗೆರೆಯಾಗಿ ಹಾಸಿ, ಕಷ್ಟದ ಘಟನೆಗಳಿಗೆ ಕಲ್ಲುಗಳನ್ನೂ ಸುಖದ ಘಟನೆಗಳಿಗೆ ಹೂವುಗಳನ್ನೂ ಇಡುತ್ತಾ ಹುಟ್ಟಿನಿಂದ ಇಂದಿನವರೆಗೆ ಕ್ರಮವಾಗಿ ಹೇಳಿಸುತ್ತಾರೆ. ಚೂರುಚೂರಾದ ನೆನಪಿಗೆ ಕಾಲ ಮತ್ತು ಸ್ಥಳ ಸಿಕ್ಕಾಗ ಅದು ಹಿಂದಿನದಾಗತೊಡಗುತ್ತದೆ. ಯಾನ್ ಅವರ ಬದುಕನ್ನು ಬಲ್ಲವರಿಗೆ ಇಲ್ಲಿ ಒಂದು ಆತಂಕ ಮೂಡುವುದು ಸಹಜ: ಹೂವೇ ಭಯವಾಗಿರುವ ಹೆಣ್ಣಿನ ಕೈಗೆ ಹೂವು ಕೊಟ್ಟರೆ? ಅದಕ್ಕೇ ಮೊದಲ ಭೇಟಿಗೆ ಮುಂಚೆ, ಆಕೆಯ ಅನುಮತಿ ಪಡೆದು, ಮನೆಯಲ್ಲಿ ನೀವು ಗಮನಿಸಿದ "ಬೇಡ"ಗಳನ್ನು ಚಿಕಿತ್ಸಕರಿಗೆ ತಿಳಿಸಿ. ಹೂವಿನ ಜಾಗದಲ್ಲಿ ಅಂಗಿಯ ಗುಂಡಿಯೋ ಕಪ್ಪೆಚಿಪ್ಪೋ ಆಗಬಹುದು.

ಮುಪ್ಪಿನಲ್ಲಿ

ದುಡಿಮೆ, ಮಕ್ಕಳು, ಮನೆಗೆಲಸ ಇದ್ದಷ್ಟು ದಿನ ಅದುಮಿಟ್ಟದ್ದು ಮುಪ್ಪಿನಲ್ಲಿ ಮೇಲೇಳುವುದುಂಟು. ಮರೆವಿನ ಕಾಯಿಲೆ ಹತ್ತಿರದ ನೆನಪುಗಳನ್ನು ಅಳಿಸಿದಾಗ ಶಿಬಿರವೇ ಇಂದಿನದಾಗಿ ಉಳಿಯಬಹುದು. ಆಸ್ಪತ್ರೆ ಅಥವಾ ಆರೈಕೆ ಕೇಂದ್ರಕ್ಕೆ ಸೇರಿಸುವಾಗ ಇದನ್ನು ಮೊದಲೇ ಯೋಚಿಸಬೇಕು. ಎಲ್ಲರನ್ನೂ ಒಟ್ಟಿಗೆ ಸ್ನಾನಕ್ಕೆ ಒಯ್ಯುವುದು, ಕೇಳದೆ ಬಟ್ಟೆ ಬಿಚ್ಚುವುದು, ಮಣಿಕಟ್ಟಿಗೆ ಸಂಖ್ಯೆಯ ಪಟ್ಟಿ ಕಟ್ಟುವುದು, ರಾತ್ರಿ ಮುಖಕ್ಕೆ ಟಾರ್ಚ್ ಬಿಡುವುದು, ಊಟಕ್ಕೆ ಸಾಲು ನಿಲ್ಲಿಸುವುದು, ನಾಯಿ ಬೊಗಳುವುದು, ಇವೆಲ್ಲ ಸಿಬ್ಬಂದಿಗೆ ದಿನನಿತ್ಯದ ಸಂಗತಿಗಳು, ಆಕೆಗೆ ಬೇರೆಯೇ. ಒಂದು ಹಾಳೆಯಲ್ಲಿ, ಕತೆಯನ್ನು ಹೇಳದೆ, ಬೇಕಾದದ್ದನ್ನಷ್ಟೇ ಬರೆದು ಕೊಡಿ: ಮುಟ್ಟುವ ಮುನ್ನ ಹೇಳಿ ಮುಟ್ಟಿ, ಸ್ನಾನಕ್ಕೆ ಹೆಂಗಸರೇ ಇರಲಿ, ತಟ್ಟೆಯಲ್ಲಿ ಉಳಿಸಿದ್ದನ್ನು ಕೇಳದೆ ತೆಗೆಯಬೇಡಿ, ಗಾಬರಿಯಾದಾಗ ಬಾಲ್ಯದ ಭಾಷೆಯಲ್ಲಿ ಮಾತಾಡಿಸುವವರನ್ನು ಕರೆಯಿರಿ. ಆಕೆಗೆ ಓದಲು ಬರುವಷ್ಟು ದಿನ ಆ ಹಾಳೆಯನ್ನು ಆಕೆಯೇ ಓದಿ ತಿದ್ದಲಿ. ಕೋಣೆಯ ಬಾಗಿಲು ರಾತ್ರಿ ಮುಚ್ಚಿರಬೇಕೋ ತೆರೆದಿರಬೇಕೋ ಎಂಬುದನ್ನು ಮಾತ್ರ ಹಾಳೆಯಲ್ಲಿ ಬರೆಯಬೇಡಿ. ಅದನ್ನು ಪ್ರತಿ ರಾತ್ರಿ ಆಕೆಯನ್ನೇ ಕೇಳಬೇಕೆಂದು ಬರೆಯಿರಿ.